ಮೂರು ಮೊಟ್ಟೆ, ಒಂದು ತಪ್ಪೊಪ್ಪಿಗೆ

ಗಾಜಿನ ಪೆಟ್ಟಿಗೆಯ ಒದ್ದೆ ಮರಳಿನಲ್ಲಿ ಮೂರು ಮೊಟ್ಟೆ ಕಂಡದ್ದೇ ಪಾಲಕ ಪೆಟ್ಟಿಗೆಯ ಬೀಗವನ್ನು ಎರಡೆರಡು ಸಲ ಜಗ್ಗಿ ನೋಡಿದ.

ಮೃಗಾಲಯದ ಮರುಭೂಮಿ ಕೋಣೆಯ ಆ ಪೆಟ್ಟಿಗೆಯಲ್ಲಿ ಬೆರಳುದ್ದದ ಒಂದು ಹೆಣ್ಣು ಪಟ್ಟೆಹಲ್ಲಿ ಆರು ವರ್ಷದಿಂದ ಒಂಟಿ. ಬೆಳಿಗ್ಗೆ ದೀಪದ ಕಾವಿಗೆ ಹೊರಬಂದು ನಾಲ್ಕು ಗೆದ್ದಲು ನುಂಗಿ, ಮಧ್ಯಾಹ್ನ ಮರಳಲ್ಲಿ ಹೂತುಕೊಳ್ಳುತ್ತಿತ್ತು. ಜಾಗವಿಲ್ಲ, ಯಾವ ಪ್ರಾಣಿಗೂ ಮರಿ ಮಾಡಿಸಕೂಡದು ಎಂದು ಮೇಲಧಿಕಾರಿಯ ಕಟ್ಟಪ್ಪಣೆ. ಪೆಟ್ಟಿಗೆಯ ಬೀಗದ ಕೈ ಇದ್ದದ್ದು ಈ ಪಾಲಕನ ಸೊಂಟದಲ್ಲಿ ಮಾತ್ರ. ಅವನ ನಿವೃತ್ತಿಗೆ ಇನ್ನೆರಡೇ ವರ್ಷ.

"ಗಂಡಿಲ್ದೆ ಮೊಟ್ಟೆ ಹೇಗ್ರೀ ಬಂತು?" ಮೇಲಧಿಕಾರಿ ಮೇಜು ಕುಟ್ಟಿದರು.

"ನಂಗೂ ಗೊತ್ತಿಲ್ಲ ಸಾರ್."

"ಸಂಜೆಯೊಳಗೆ ಕಾರಣ ಬರೆದು ಕೊಡಿ. ಇಲ್ಲಾಂದ್ರೆ ನಾಳೆಯಿಂದ ಮನೇಲಿರಿ."

ಹತ್ತು ಗಂಟೆಗೆಲ್ಲ ಸುದ್ದಿ ಆನೆಯ ಲಾಯದವರೆಗೂ ಮುಟ್ಟಿತು. "ಒಂಟಿ ಹೆಣ್ಣು, ಸ್ವಲ್ಪ ಕಣ್ಣಿಡಬೇಕಿತ್ತು," ಎಂದಳು ಟಿಕೆಟ್ಟಿನವಳು. ಹಕ್ಕಿಗಳ ಪಾಲಕ, "ಗಂಡು ಒಳಗೇ ಅವಿತಿರತ್ತೆ, ತೆಗೆದು ನೋಡೋಣ," ಎಂದು ಬೀಗ ತೆಗೆಸಿ ತಾನೇ ಮುಚ್ಚಳ ಎತ್ತಿದ. ಹಲ್ಲಿ ಬಾಣದಂತೆ ಚಿಮ್ಮಿತು. ಪಾಲಕ ಹಾರಿ ಹಿಡಿದ. ಹಲ್ಲಿ ಪೆಟ್ಟಿಗೆಗೆ ಬಿತ್ತು. ಬಾಲ ಮಾತ್ರ ಅವನ ಅಂಗೈಯಲ್ಲಿ ಉಳಿದು, ಬುದ್ಧಿ ಹೇಳುವವರ ನಾಲಿಗೆಯಂತೆ ಸುಮ್ಮನೆ ಆಡುತ್ತಲೇ ಇತ್ತು.

ಈಗ ಅಪರಾಧ ಎರಡಾಯಿತು.

"ಒಪ್ಕೊಂಡ್ಬಿಡಿ," ಎಂದ ಗುಮಾಸ್ತ. "ಒಪ್ಕೊಂಡೋರಿಗೆ ಬರೀ ಎಚ್ಚರಿಕೆ. ವಾದ ಮಾಡಿದ್ರೆ ವಿಚಾರಣೆ." ತಾನೇ ಬರೆದೂ ಕೊಟ್ಟ: ಕನಿಕರದಿಂದ ಮರುಭೂಮಿಗೆ ಹೋಗಿ ಗಂಡು ಹಿಡಿದು ತಂದೆ, ಎರಡು ದಿನ ಜೊತೆಗಿಟ್ಟು ಮತ್ತೆ ಅಲ್ಲೇ ಬಿಟ್ಟು ಬಂದೆ, ಕ್ಷಮಿಸಬೇಕು. ಮರುಭೂಮಿಯ ಮುಖವನ್ನೇ ಕಾಣದ ಪಾಲಕ ಸಹಿ ಹಾಕಿದ.

ನಾಲ್ಕಕ್ಕೆ ಮೇಲಧಿಕಾರಿ ಕರೆಸಿದ್ದ ಹಲ್ಲಿಗಳ ತಜ್ಞೆ ಬಂದರು. ನರೆಗೂದಲಿನ ಹೆಂಗಸು. ಮೊಟ್ಟೆ ನೋಡಿ ನಕ್ಕೇಬಿಟ್ಟರು.

"ಇದರಲ್ಲಿ ಯಾರ ತಪ್ಪೂ ಇಲ್ಲ. ಈ ಜಾತಿಯಲ್ಲಿ ಗಂಡೇ ಇಲ್ಲ! ಎಲ್ಲಾ ಹೆಣ್ಣೇ. ತಾವಾಗೇ ಮೊಟ್ಟೆ ಇಡ್ತವೆ, ಅದರಲ್ಲೂ ಹೆಣ್ಣೇ ಹುಟ್ತವೆ. ಬಾಲಾನೂ ಮತ್ತೆ ಬೆಳೆಯತ್ತೆ."

ಪಾಲಕನ ಕಣ್ಣು ತುಂಬಿ ಬಂತು. ಮೇಲಧಿಕಾರಿ ತಪ್ಪೊಪ್ಪಿಗೆಯನ್ನು ಮುಂದೆ ತಳ್ಳಿದರು. ತಜ್ಞೆ ಓದಿದರು, ಕನ್ನಡಕ ಒರೆಸಿಕೊಂಡು ಮತ್ತೆ ಓದಿದರು.

"ಗಂಡು ಇದೆಯಾ? ಇವರು ಕೈಯಾರೆ ಹಿಡಿದಿದ್ದಾರಾ? ಒಂದಾದ್ರೂ ಸಿಗತ್ತಾ ಅಂತ ಮೂವತ್ತು ವರ್ಷದಿಂದ ಹುಡುಕ್ತಿದ್ದೀವಿ!"

"ಅಯ್ಯೋ ಅಮ್ಮಾ, ಅದು..."

"ಸುಳ್ಳಾದ್ರೆ, ಸುಳ್ಳು ಬರೆದುಕೊಟ್ಟಿದ್ದಕ್ಕೆ ಈಗಲೇ ಕೆಲಸ ಹೋಗತ್ತೆ," ಎಂದರು ಮೇಲಧಿಕಾರಿ. "ನಿಜ ತಾನೇ?"

ಪಾಲಕ ಗುಮಾಸ್ತನತ್ತ ನೋಡಿದ. ಗುಮಾಸ್ತ ಚಾವಣಿಯತ್ತ ನೋಡಿದ.

"ನಿಜ ಸಾರ್."

ಮರುಭೂಮಿಯ ಕಡೆ ಹೊರಟ ಆರರ ಬಸ್ಸಿಗೆ ಇಡೀ ಮೃಗಾಲಯವೇ ಬಂದು ಅವನನ್ನು ಹತ್ತಿಸಿತು. ತಜ್ಞೆ ಒಂದು ಬಲೆ, ಒಂದು ಡಬ್ಬಿ ಕೊಟ್ಟು, "ಅವಸರವಿಲ್ಲ, ಸಿಗೋವರೆಗೂ ಅಲ್ಲೇ ಇರಿ," ಎಂದು ಬೆನ್ನು ತಟ್ಟಿದರು.

ಅಷ್ಟರಲ್ಲಿ ಹೆಂಡತಿಯ ಫೋನು. "ಎಲ್ಲಿದ್ದೀರಿ? ಊಟಕ್ಕೆ ಬರಲ್ವಾ?"

"ಗಂಡು ಹುಡುಕಕ್ಕೆ ಹೋಗ್ತಿದ್ದೀನಿ ಕಣೇ. ಸಿಕ್ಕಿದ ಮೇಲೆ ಬರ್ತೀನಿ."

ಆ ಕಡೆ ಪಾತ್ರೆ ಕೆಳಗಿಟ್ಟ ಸದ್ದಾಯಿತು.

"ನಮಗಿರೋದು ಇಬ್ಬರೂ ಗಂಡುಮಕ್ಕಳು," ಎಂದಳು ಆಕೆ ಮೆಲ್ಲಗೆ. "ಯಾರಿಗ್ರೀ?"

ಬಸ್ಸು ಹೊರಟಿತು.