ಮೂರು ಚಮಚ ಸಕ್ಕರೆ, ಒಂದು ಲಾರ್ಜ್ ಜಾಕೆಟ್

ಹೆದರುವವನಿಗೇ ಇಂಥದ್ದೆಲ್ಲ ಆಗುವುದು, ಧೈರ್ಯದವರ ತಂಟೆಗೆ ಯಾವ ಪ್ರಸಂಗವೂ ಬರುವುದಿಲ್ಲ. ಇದು ನಾನು ಅಬುಧಾಬಿಗೆ ಬಂದು ಹನ್ನೊಂದು ವರ್ಷದಲ್ಲಿ ಕಲಿತ ಪಾಠ. ಕೆಲಸ ಒಂದು ಫುಟ್‌ಬಾಲ್ ಕ್ಲಬ್ಬಿನಲ್ಲಿ, ಕಿಟ್ ನೋಡಿಕೊಳ್ಳುವುದು. ಅಂದರೆ ಇಪ್ಪತ್ತೆಂಟು ಆಟಗಾರರ ಅಂಗಿ, ಚಡ್ಡಿ, ಕಾಲುಚೀಲ ಒಗೆಸಿ, ಮಡಚಿ, ಪಂದ್ಯದ ದಿನ ಅವರವರ ಜಾಗದಲ್ಲಿ ಇಡುವುದು. ನಮ್ಮ ಪುತ್ತೂರಿನಲ್ಲಿ ಮಾತ್ರ ನಾನು ತಂಡ ಆಡಿಸುವ ದೊಡ್ಡ ಜನ ಅಂತ ಸುದ್ದಿ. ಯಾರು ಹಬ್ಬಿಸಿದ್ದೋ ಗೊತ್ತಿಲ್ಲ, ನಾನಂತೂ ತಿದ್ದಲಿಕ್ಕೆ ಹೋಗಲಿಲ್ಲ.

ನನ್ನ ಹೆದರಿಕೆ ಎಂತದ್ದು ಅಂತ ಮೊದಲೇ ಹೇಳಿಬಿಡುತ್ತೇನೆ. ಫುಟ್‌ಬಾಲಿನಲ್ಲಿ ಮ್ಯಾನೇಜರ್ ಅಂದರೆ ತಂಡವನ್ನು ಆರಿಸಿ ಆಡಿಸುವ ಗುರು. ತಂಡ ಸೋತರೆ ಆಟಗಾರರನ್ನು ಬಿಟ್ಟು ಇವರನ್ನು ಮನೆಗೆ ಕಳಿಸುತ್ತಾರೆ. ಹೊಸಬರು ಬರುವಾಗ ತಮ್ಮ ಕಿಟ್‌ನವನನ್ನೂ ಜೊತೆಗೆ ಕರೆದುಕೊಂಡೇ ಬರುತ್ತಾರೆ. ನಾನು ಮೂರು ಮ್ಯಾನೇಜರುಗಳು ಹೋದಾಗಲೂ ಹೇಗೋ ಬಚಾವಾಗಿದ್ದೆ. ನಾಲ್ಕನೆಯವರಾಗಿ ಐರ್ಲೆಂಡಿನವರೊಬ್ಬರು ಬಂದರು. ಆಫೀಸಿನಿಂದ ಸ್ಪಷ್ಟವಾಗಿ ಹೇಳಿದರು, "ಈ ಸಲ ಇವರು ಹೋದರೆ ನೀನೂ ಖಲಾಸ್."

ಮಗಳು ಹತ್ತನೇ ಕ್ಲಾಸು. ಪರೀಕ್ಷೆಗೆ ಮುಂಚೆ ನನ್ನ ವೀಸಾ ಹೋದರೆ ಅರ್ಧದಲ್ಲಿ ಅವಳನ್ನು ಊರಿನ ಯಾವ ಶಾಲೆ ಸೇರಿಸಿಕೊಳ್ಳುತ್ತದೆ? ಹಾಗಾಗಿ ದಿನಾ ಬೆಳಿಗ್ಗೆ ದೇವರ ಫೋಟೋ ಮುಂದೆ ನಿಂತಾಗ ಮಗಳ ಹೆಸರಿಗಿಂತ ಮೊದಲು ನಾನು ಹೇಳುತ್ತಿದ್ದದ್ದು ಅರವತ್ತು ದಾಟಿದ ಒಬ್ಬ ಐರಿಷ್ ಮನುಷ್ಯರ ಹೆಸರು. ಗೋತ್ರ ಗೊತ್ತಿರಲಿಲ್ಲ, ಅಷ್ಟೇ.

೧. ಐರ್ಲೆಂಡಿನ ಫೋನು

ಮ್ಯಾನೇಜರು ಆರಡಿ ಮೂರು ಅಂಗುಲ. ಮಾತು ಕಮ್ಮಿ, ನೋಟ ಜಾಸ್ತಿ. ಹದಿನಾರನೇ ವಯಸ್ಸಿಗೆ ಒಂದು ಚೀಲ ಹಿಡಿದು, ಬೂಟನ್ನು ಪೇಪರಿನಲ್ಲಿ ಸುತ್ತಿಕೊಂಡು, ಹಡಗು ಹತ್ತಿ ಇಂಗ್ಲೆಂಡಿಗೆ ಹೋದವರಂತೆ. ಹದಿನೈದು ವರ್ಷ ರಕ್ಷಣೆಯ ಸಾಲಿನಲ್ಲಿ ಆಡಿದರು. ಎದುರಾಳಿಗಳು ಚೆಂಡನ್ನು ಇವರ ಹತ್ತಿರ ತರುವುದಕ್ಕಿಂತ ವಾಪಸ್ ಒಯ್ಯುವುದೇ ಲೇಸು ಅಂತಿದ್ದರಂತೆ. ಮಂಡಿ ಮುರಿದ ಮೇಲೆ ಮ್ಯಾನೇಜರಾದರು. ಐದು ಕ್ಲಬ್ಬುಗಳು ಇವರನ್ನು ಇಟ್ಟುಕೊಂಡವು, ಐದೂ ತೆಗೆದುಹಾಕಿದವು. ನಮ್ಮದು ಆರನೆಯದು. ಇದನ್ನೆಲ್ಲ ಕೇಳಿದ ದಿನದಿಂದ ದೇವರ ಫೋಟೋಗೆ ಊದುಬತ್ತಿ ಎರಡಾಯಿತು.

ಅವರು ಬಂದ ಎರಡನೇ ದಿನ ನನ್ನ ಮೊಬೈಲಿಗೆ ಐರ್ಲೆಂಡಿನಿಂದ ಫೋನು. ಒಂದು ಹೆಂಗಸಿನ ದನಿ, "ನೀನೇನಾ ನನ್ನ ಗಂಡನಿಗೆ ಚಹಾ ಮಾಡುವವನು?"

ಹೌದು ಅಂದೆ.

"ಅವರಿಗೆ ಶುಗರ್ ಉಂಟು. ಒಂದು ಕಾಳು ಸಕ್ಕರೆ ಬಿದ್ದರೂ ನನಗೆ ಗೊತ್ತಾಗುತ್ತದೆ."

ಅಷ್ಟು ದೂರದಿಂದ ಹೇಗೆ ಗೊತ್ತಾಗುತ್ತದೆ ಅಂತ ಕೇಳುವ ಧೈರ್ಯ ನನಗೆ ಬರಲಿಲ್ಲ. ನಿಂತಲ್ಲೇ ತಲೆ ಆಡಿಸಿದೆ, ಫೋನಿನಲ್ಲಿ ತಲೆ ಆಡಿಸಿದರೆ ಕಾಣುವುದಿಲ್ಲ ಅನ್ನುವುದೂ ಮರೆತುಹೋಗಿತ್ತು.

ಮಾರನೇ ದಿನ ಚಹಾ ಒಂದು ಗುಟುಕು ಕುಡಿದ ಮ್ಯಾನೇಜರು ಬಾಗಿಲು ಹಾಕಿ ಹತ್ತಿರ ಬಂದರು. "ಅರ್ಧ ಚಮಚ ಹಾಕು," ಅಂದರು.

"ಸರ್, ಆಗುವುದಿಲ್ಲ."

"ನಾನು ಆಡುವಾಗ ಮೂರು ಜನರ ಕಾಲು ಮುರಿದಿದ್ದೇನೆ, ಗೊತ್ತುಂಟಾ?"

ನಾನು ಸಕ್ಕರೆ ಡಬ್ಬಿಯನ್ನು ಬೆನ್ನ ಹಿಂದೆ ಅಡಗಿಸಿದೆ. "ಗೊತ್ತು ಸರ್. ಆದರೆ ಮೇಡಂ ಫೋನು ಮಾಡಿದ್ದರು."

ಅವರು ಕಪ್ಪನ್ನು ಎತ್ತಿ ಒಂದೇ ಗುಟುಕಿಗೆ ಖಾಲಿ ಮಾಡಿ, ಮೆಲ್ಲಗೆ ಹೇಳಿದರು, "ಸರಿ ಹಾಗಾದರೆ. ಅವಳ ಮುಂದೆ ನಾನು ಎಂತದ್ದು, ಬರೀ ಕಾಲು ಮುರಿದವನು."

೨. ಬೆಕ್ಕು ದಾಟಿದ್ದು

ಮರಳುಗಾಡಿನ ನಡುವಿನ ಮದೀನತ್ ಜಾಯೆದ್ ಅನ್ನುವ ಊರಿನಲ್ಲಿ ಪಂದ್ಯ. ಅದಾಗಲೇ ಮೂರು ಪಂದ್ಯ ಸೋತಿದ್ದೆವು. ಎರಡು ಗಂಟೆಯ ದಾರಿ. ಊರು ಹತ್ತಿರವಾಗಿ ಮೈದಾನಕ್ಕೆ ಹೋಗುವ ಒಳದಾರಿಗೆ ತಿರುಗಿದೆವು. ಎರಡೂ ಕಡೆ ಮರಳು. ಒಂದು ಒಂಟೆ ಕೊಟ್ಟಿಗೆಯ ಬದಿಯಿಂದ ಕಪ್ಪು ಬೆಕ್ಕು ಸೀದಾ ಬಸ್ಸಿನ ಮುಂದೆ ದಾಟಿತು.

ನಾನು ಡ್ರೈವರನ ಪಕ್ಕದಲ್ಲಿ ಕೂತವ, ಬಾಯಿಂದ ತಾನಾಗಿಯೇ "ಅಯ್ಯೋ ದೇವರೇ" ಅಂತ ಬಂತು. ಡ್ರೈವರು ಪೇಶಾವರದವ. ಯಾರಿಗೋ ಏನೋ ಆಯಿತು ಅಂತ ಬ್ರೇಕು ಹಾಕಿದ. ಹಿಂದಿನ ಸೀಟಿನಿಂದ ಮ್ಯಾನೇಜರು ಎದ್ದು ಬಂದರು. "ಏನು?"

ಸುಳ್ಳು ಹೇಳಲಿಕ್ಕೂ ನಾಲಿಗೆ ಹೊರಳಲಿಲ್ಲ. "ಸರ್, ಬೆಕ್ಕು. ನಮ್ಮಲ್ಲಿ ಅದು ಒಳ್ಳೆಯದಲ್ಲ."

ಇನ್ನು ನನ್ನನ್ನು ಮರಳಿಗೆ ಇಳಿಸಿ ಹೋಗುತ್ತಾರೆ ಅಂತ ಎಣಿಸಿದ್ದೆ. ಅವರ ಮುಖ ಬಿಳುಪೇರಿತು. "ನಮ್ಮಲ್ಲಿ ಮ್ಯಾಗ್‌ಪೈ ಅಂತ ಒಂದು ಹಕ್ಕಿ ಉಂಟು. ಒಂಟಿಯಾಗಿ ಕಂಡರೆ ಕೆಡುಕು, ಸಲಾಮು ಹೊಡೆಯಬೇಕು. ಬೆಕ್ಕಿಗೆ ನೀವು ಏನು ಮಾಡುತ್ತೀರಿ?"

"ಬೇರೆ ಯಾವುದಾದರೂ ಗಾಡಿ ಮೊದಲು ದಾಟಬೇಕು ಸರ್."

"ಹಾಗಾದರೆ ಕಾಯೋಣ," ಅಂದರು.

ಹತ್ತು ನಿಮಿಷಕ್ಕೆ ನೀರಿನ ಟ್ಯಾಂಕರು ಬಂತು. ಬಚಾವು ಅಂದುಕೊಂಡೆ. ಆದರೆ ಮರಳುಗಾಡಿನಲ್ಲಿ ನಿಂತ ಗಾಡಿಯನ್ನು ಬಿಟ್ಟು ಯಾರೂ ಮುಂದೆ ಹೋಗುವುದಿಲ್ಲ. ಟ್ಯಾಂಕರಿನವ ಹಿಂದೆಯೇ ನಿಲ್ಲಿಸಿ ಇಳಿದು ಬಂದ, "ಗಾಡಿ ಖರಾಬಾ ಭಾಯಿ? ನೀರು ಬೇಕಾ?" ಅವನಿಗೆ ಮುಂದೆ ಹೋಗು ಅಂದೆವು. ನಿಮ್ಮನ್ನು ಹೀಗೆ ಬಿಟ್ಟು ಹೇಗೆ ಹೋಗಲಿ ಅಂದ. ಆಮೇಲೆ ಆಡು ತುಂಬಿದ ಪಿಕಪ್ಪು ಬಂತು, ಅದೂ ನಿಂತಿತು. ಆಮೇಲೆ ಇನ್ನೆರಡು. ಹಿಂದೆ ದೊಡ್ಡ ಸಾಲಾಯಿತು. ಒಬ್ಬ ಬಾನೆಟ್ ತೆಗೆಯಲಿಕ್ಕೆ ನೋಡಿದ, ಮತ್ತೊಬ್ಬ ಖರ್ಜೂರ ಹಂಚಿದ. ಬೆಕ್ಕು ದಾಟಿದ ಗೆರೆಯ ಆಚೆ ಮಾತ್ರ ಒಬ್ಬನೂ ಹೋಗಲಿಲ್ಲ. ಕೊನೆಗೆ ಪೊಲೀಸ್ ಜೀಪು ಬಂತು. ಮ್ಯಾನೇಜರು ಬಸ್ಸಿನಿಂದ ಇಳಿದು, ಎದೆ ಮುಂದೆ ಮಾಡಿ, ಕೈಯಿಂದ ದಾರಿ ತೋರಿಸಿ, "ದಯವಿಟ್ಟು, ನೀವು ಮೊದಲು," ಅಂದರು. ಇಂಥ ಮರ್ಯಾದೆ ಕಂಡು ಪೊಲೀಸರು ಖುಷಿಯಲ್ಲಿ ಮುಂದೆ ಹೋದರು.

ಬಸ್ಸು ಹೊರಡಬೇಕು ಅನ್ನುವಾಗ ಡ್ರೈವರು ಕೆಳಗೆ ಬಗ್ಗಿ ನೋಡಿದ. ಬೆಕ್ಕು ಬಸ್ಸಿನಡಿಯ ನೆರಳಲ್ಲಿ ಆರಾಮವಾಗಿ ಮಲಗಿತ್ತು.

ಪಂದ್ಯ ಮೂರು ಗೋಲಿನ ಅಂತರದಲ್ಲಿ ಸೋತೆವು. ವಾಪಸ್ ಬರುವಾಗ ಮ್ಯಾನೇಜರು ನನ್ನ ಭುಜ ಮುಟ್ಟಿ ಹೇಳಿದರು, "ಬೇಜಾರು ಮಾಡಬೇಡ. ಅದು ವಾಪಸ್ ಬಂದು ಮಲಗಿತ್ತಲ್ಲ, ಎರಡು ಸಲ ದಾಟಿದ ಲೆಕ್ಕ. ನಾವು ದಾಟಿಸಿದ್ದು ಒಂದೇ ಗಾಡಿ."

೩. ಅಕ್ಷರ ಇಲ್ಲದ ಜಾಕೆಟ್

ನಮ್ಮ ಕ್ಲಬ್ಬಿನಲ್ಲಿ ಒಂದು ಕ್ರಮ ಉಂಟು. ಪಂದ್ಯದ ಹೊತ್ತಿಗೆ ಮೈದಾನದ ಬದಿಯ ಬೆಂಚಿನ ಮೇಲೆ ಕೂರುವವರಿಗೆಲ್ಲ ಕಪ್ಪು ಜಾಕೆಟ್, ಎದೆಯ ಮೇಲೆ ಅವರವರ ಹೆಸರಿನ ಮೊದಲಕ್ಷರ. ಕಿಟ್‌ನವನಿಗೆ ಬೆಂಚಿಲ್ಲ, ಜಾಕೆಟ್ಟೂ ಇಲ್ಲ. ಬೂದು ಬಣ್ಣದ ಬನಿಯನ್ ತೊಟ್ಟು ಚೀಲದ ಪಕ್ಕ ನಿಲ್ಲಬೇಕು. ಜಾಕೆಟ್ ಹೊಲಿಸಿ ತರುವ ಕೆಲಸ ಮಾತ್ರ ನನ್ನದು. ಹಾಗಾಗಿ ಯಾವ ಮ್ಯಾನೇಜರ್ ಹೋಗುತ್ತಾರೆ ಅಂತ ಅವರಿಗಿಂತ ಮೊದಲು ನನಗೇ ಗೊತ್ತಾಗುವುದು. ಆಫೀಸಿನಿಂದ ಫೋನು ಬರುತ್ತದೆ, "ಒಂದು ಹೊಸ ಜಾಕೆಟ್, ಇಂಥ ಸೈಜು. ಅಕ್ಷರ ಈಗ ಬೇಡ. ಯಾರಿಗೂ ಹೇಳಬೇಡ." ಮೂರು ಸಲ ಬಂದಿತ್ತು, ಮೂರು ಸಲವೂ ವಾರದೊಳಗೆ ಹೊಸ ಮ್ಯಾನೇಜರ್.

ಜನವರಿಯ ಒಂದು ಮಧ್ಯಾಹ್ನ ನಾಲ್ಕನೇ ಸಲ ಆ ಫೋನು ಬಂತು. "ಒಂದು ಜಾಕೆಟ್. ಲಾರ್ಜ್. ಅಕ್ಷರ ಈಗ ಬೇಡ."

ನಮ್ಮ ಮ್ಯಾನೇಜರು ತ್ರಿಬಲ್ ಎಕ್ಸೆಲ್.

ಬಟ್ಟೆಯ ರಾಶಿಯ ಮೇಲೆಯೇ ಕೂತೆ. ಕಣ್ಣ ಮುಂದೆ ಬಂದದ್ದು ಮಗಳ ಹಾಲ್ ಟಿಕೆಟು. ಹೆಂಡತಿಗೆ ಫೋನು ಮಾಡಿ, "ನಮ್ಮದು ಮುಗಿಯಿತು, ಖಲಾಸ್," ಅಂದೆ. ಅವಳು ಅಲ್ ಮೀನಾ ಮಾರ್ಕೆಟಿನಲ್ಲಿ ಮೀನು ಆರಿಸುತ್ತಿದ್ದಳು. ಮೀನಿನವನಿಗೆ ಅರ್ಧ ಕಿಲೋ ಸಾಕು ಅಂದಳು. ಆಮೇಲೆ, "ನೀವು ಹೆದರಬೇಡಿ ಇವರೇ, ಮನೆಯದ್ದೆಲ್ಲ ನಾನು ನೋಡಿಕೊಳ್ಳುತ್ತೇನೆ," ಅಂದಳು. ಆ ಮಾತಿನ ಅರ್ಥ ನನಗೆ ಎರಡು ದಿನ ಕಳೆದು ಗೊತ್ತಾದದ್ದು.

ಪಂದ್ಯದ ದಿನ ಮ್ಯಾನೇಜರಿಗೆ ಚಹಾ ಮಾಡಲಿಕ್ಕೆ ನಿಂತೆ. ಈ ಮನುಷ್ಯನಿಗೆ ಇವತ್ತೇ ಕೊನೆ, ಪಾಪ, ಇನ್ನು ಮೇಡಮ್ಮಿಗೆ ಹೆದರಿ ಎಂತ ಪ್ರಯೋಜನ ಅನ್ನಿಸಿತು. ಒಂದಲ್ಲ, ಎರಡಲ್ಲ, ಮೂರು ಚಮಚ ಸಕ್ಕರೆ ಹಾಕಿದೆ. ಅವರು ಒಂದು ಗುಟುಕು ಕುಡಿದು ನಿಲ್ಲಿಸಿದರು. ನನ್ನ ಮುಖ ನೋಡಿದರು. ನಾನು ನೆಲ ನೋಡಿದೆ. ಅವರು ಪೂರ್ತಿ ಕುಡಿದು, ಕಪ್ಪು ಕೆಳಗಿಟ್ಟು, ಡ್ರೆಸ್ಸಿಂಗ್ ರೂಮಿಗೆ ನಡೆದರು.

"ಹುಡುಗರೇ, ಇದು ನನ್ನ ಕೊನೆಯ ಪಂದ್ಯ," ಅಂದರು ಅಲ್ಲಿ. "ನಲವತ್ತೈದು ವರ್ಷದಿಂದ ಈ ಆಟದಲ್ಲಿದ್ದೇನೆ, ಒಂದು ದಿನವೂ ಹೆದರದೆ ಮೈದಾನಕ್ಕೆ ಇಳಿದವನಲ್ಲ. ಮೊದಲು ಮಂಡಿಯ ಹೆದರಿಕೆ, ಆಮೇಲೆ ಕೆಲಸದ ಹೆದರಿಕೆ. ಇವತ್ತು ಅದೆಲ್ಲ ಮುಗಿಯಿತು. ನೀವಾದರೂ ಒಂದು ದಿನ ಹೆದರದೆ ಆಡಿ."

ಗೋಲ್‌ಕೀಪರು ಅತ್ತೇಬಿಟ್ಟ. ನಾನು ಅವನದ್ದೇ ಟವೆಲಿನಲ್ಲಿ ಕಣ್ಣು ಒರೆಸಿಕೊಂಡೆ. ಮತ್ತೆ ಹೊರಗೆ ಹೋಗಿ ಆಡಿದರು ನೋಡಿ, ಆ ವರ್ಷ ಹಾಗೆ ಆಡಿದ್ದೇ ಇಲ್ಲ. ನಾಲ್ಕು ಗೋಲು ಹೊಡೆದು ಗೆದ್ದರು.

ಪಂದ್ಯ ಮುಗಿದ ಮೇಲೆ ಕ್ಲಬ್ಬಿನ ಅಧ್ಯಕ್ಷರು ಒಳಗೆ ಬಂದರು. ಕಂದೂರ ಅನ್ನುವ ಬಿಳಿ ನಿಲುವಂಗಿ ತೊಟ್ಟ ಮೆತ್ತಗಿನ ಮಾತಿನ ಅರಬ್ಬಿ ಹಿರಿಯರು. ಅವರ ಕೈಯಲ್ಲಿ ನಾನೇ ಹೊಲಿಸಿ ತಂದ ಜಾಕೆಟ್ಟಿತ್ತು. ಮ್ಯಾನೇಜರು ಎದ್ದು ಕೈ ಚಾಚಿದರು. "ಥ್ಯಾಂಕ್ಸ್. ನನಗೆ ಗೊತ್ತಾಗಿದೆ. ಬೇಜಾರಿಲ್ಲ."

"ಏನು ಗೊತ್ತಾಗಿದೆ?" ಅಂದರು ಅಧ್ಯಕ್ಷರು.

"ನನ್ನನ್ನು ತೆಗೆದದ್ದು."

"ನಿಮ್ಮನ್ನು ಯಾರು ತೆಗೆದರು?"

ಮ್ಯಾನೇಜರು ನನ್ನ ಕಡೆ ತಿರುಗಿದರು, ಜೊತೆಗೆ ಇಡೀ ಕೋಣೆ ತಿರುಗಿತು. "ಐದು ಕ್ಲಬ್ಬಿನಲ್ಲಿ ನನ್ನನ್ನು ತೆಗೆದಿದ್ದಾರೆ. ಐದು ಸಲವೂ ಕಿಟ್‌ನವನಿಗೆ ಮೊದಲು ಗೊತ್ತಿತ್ತು. ಒಬ್ಬ ಬಿಸ್ಕತ್ತು ಕೊಟ್ಟಿದ್ದ, ಒಬ್ಬ ನನ್ನ ಬೂಟಿಗೆ ಪಾಲಿಶ್ ಹಾಕಿದ್ದ. ಇವನು ಮೂರು ಚಮಚ ಸಕ್ಕರೆ ಹಾಕಿದ್ದಾನೆ. ಮೂರು."

ಅಧ್ಯಕ್ಷರು ಕೈಯಲ್ಲಿದ್ದ ಜಾಕೆಟ್ ನೋಡಿದರು, ನನ್ನನ್ನು ನೋಡಿದರು. ಆಮೇಲೆ ನಗು ತಡೆಯಲಾರದೆ ಅಲ್ಲೇ ಬೆಂಚಿನ ಮೇಲೆ ಕೂತರು. "ನೀವೇ ಅಲ್ಲವಾ ಹೋದ ತಿಂಗಳು ಕೇಳಿದ್ದು, ಈ ಮನುಷ್ಯ ನಿಂತು ನಿಂತು ನಡುಗುತ್ತಾನೆ, ಬೆಂಚಿನ ಮೇಲೆ ನನ್ನ ಪಕ್ಕದಲ್ಲಿ ಕೂರಿಸಿ ಅಂತ? ಜಾಕೆಟ್ ಅವನಿಗೇ. ಅಚಾನಕ್ಕಾಗಿ ಕೊಡೋಣ ಅಂತ ಅಕ್ಷರ ಹಾಕಿಸಲಿಲ್ಲ. ನಿಮ್ಮಿಬ್ಬರನ್ನೂ ಇನ್ನೆರಡು ವರ್ಷ ಇಟ್ಟುಕೊಳ್ಳುತ್ತೇವೆ."

ಮ್ಯಾನೇಜರು ಜಾಕೆಟ್ಟನ್ನು ನನ್ನ ಭುಜಕ್ಕೆ ಹಿಡಿದು ನೋಡಿದರು. ಅಳತೆ ಸರಿಯಾಗಿ ಕೂತಿತು. ಇಪ್ಪತ್ತೆಂಟು ಜನರ ಅಂಗಿ, ಚಡ್ಡಿ, ಬೂಟಿನ ಅಳತೆ ನನಗೆ ಬಾಯಿಪಾಠ. ಲಾರ್ಜ್ ಅಂದರೆ ನನ್ನದೇ ಅಳತೆ ಅಂತ ಮಾತ್ರ ಎರಡು ದಿನ ಹೊಳೆಯಲಿಲ್ಲ.

ಹಾರುವ ಹಾಗೆ ಮನೆಗೆ ಬಂದೆ. ಬಾಗಿಲು ತೆಗೆದರೆ ಹಾಲ್ ಖಾಲಿ. ಸೋಫಾ ಇಲ್ಲ, ಊಟದ ಮೇಜಿಲ್ಲ, ಕಪಾಟಿಲ್ಲ. ಮಗಳು ನೆಲದ ಮೇಲೆ ಕೂತು ಫಿಸಿಕ್ಸ್ ಓದುತ್ತಿದ್ದಾಳೆ. ಹೆಂಡತಿ, "ನೀವೇ ಹೇಳಿದ್ದಲ್ವಾ ಖಲಾಸ್ ಅಂತ? ಎಲ್ಲ ಮೇಲಿನ ಮನೆಯವರಿಗೆ ಕೊಟ್ಟುಬಿಟ್ಟೆ," ಅಂದಳು. ನಡೆದದ್ದನ್ನೆಲ್ಲ ಹೇಳಿದೆ. ಅವಳು ಜಾಕೆಟ್ಟಿನ ತೋಳು ಹಿಡಿದುಕೊಂಡು ಕಣ್ಣೀರು ಹಾಕಿದಳು. "ಮಗು ಇಲ್ಲೇ ಪರೀಕ್ಷೆ ಬರೆಯಬಹುದಲ್ಲ, ಸಾಕು. ನೀವು ಮೊದಲು ಕೂತ್ಕೊಳ್ಳಿ," ಅಂದಳು.

"ಎಲ್ಲಿ ಕೂರುವುದು?" ಅಂದೆ.

ಮಗಳು ಪುಸ್ತಕದಿಂದ ತಲೆ ಎತ್ತದೆ, "ಪಪ್ಪಾ, ಯೂ ಗಾಟ್ ದ ಬೆಂಚ್, ನೋ? ಬ್ರಿಂಗ್ ಇಟ್ ಹೋಮ್," ಅಂದಳು.

ಮೂವರೂ ನೆಲದ ಮೇಲೆ ಕೂತು ನಕ್ಕೆವು. ಎಷ್ಟೋ ತಿಂಗಳ ಮೇಲೆ ನನ್ನ ಎದೆ ಹಗುರಾಗಿತ್ತು. ಇನ್ನು ಯಾರಿಗೂ ಹೆದರಬೇಕಾಗಿಲ್ಲ ಅಂತ ನಾನು ಹೇಳಿ ಬಾಯಿ ಮುಚ್ಚಿರಲಿಲ್ಲ, ಮೊಬೈಲು ಹೊಡೆದುಕೊಂಡಿತು. ಮಗಳು ತೆಗೆದು ನೋಡಿದಳು, "ಪಪ್ಪಾ, ಐರ್ಲೆಂಡ್."

ಎರಡು ವರ್ಷದ ವೀಸಾ ಗಟ್ಟಿಯಾದ ಮನುಷ್ಯ ನಾನು, ಹೊಸ ಜಾಕೆಟ್ ಸಮೇತ ಬಾತ್‌ರೂಮಿಗೆ ಹೋಗಿ ಒಳಗಿನಿಂದ ಚಿಲಕ ಹಾಕಿಕೊಂಡೆ.