ಹತ್ತು ಸೀಟಿನ ಏಕಾಂತ

“ಇಂಡಿಯಾಗಲ್ಲ ಆಂಟಿ, ಥಾಯ್ಲೆಂಡಿಗೆ. ಅದೂ ಪ್ರೈವೇಟ್ ಟೂರ್. ಗೈಡು, ಡ್ರೈವರು, ವ್ಯಾನು, ಎಲ್ಲಾ ಇವನೊಬ್ಬನಿಗೇ ಅಂತೆ.”

ಬಚ್ಚಲಲ್ಲಿ ತಲೆಗೆ ಶಾಂಪೂ ಹಾಕಿಕೊಂಡು ನಿಂತಿದ್ದ ಯಶವಂತನಿಗೆ ಈ ಮಾತು ಬಾಗಿಲ ಸಂದಿಯಿಂದ ತೂರಿ ಬಂದು ಕಿವಿಗೆ ಬಿತ್ತು. ಹೇಳಿದವನು ರೂಮ್‌ಮೇಟ್ ಉತ್ತಮ್. ಕೇಳಿಸಿಕೊಂಡವರು ನಾಗವೇಣಿ ಆಂಟಿ. ಒಂದು ಸುದ್ದಿ ಪರ್ತ್ ಊರನ್ನೆಲ್ಲ ಸುತ್ತಲು ಇವರಲ್ಲಿ ಒಬ್ಬರು ಸಾಕು. ಇಬ್ಬರೂ ಒಂದೇ ಹೊಸ್ತಿಲಲ್ಲಿ ಸಿಕ್ಕರೆಂದರೆ ಹುಲ್ಲಿನ ಮೆದೆಗೂ ಬೆಂಕಿಗೂ ನಿಶ್ಚಿತಾರ್ಥವಾದ ಹಾಗೆ.

ಇಷ್ಟಕ್ಕೂ ಕಾರಣ ಒಂದು ತೂಕದ ಕೊಕ್ಕೆ. ಬ್ಯಾಗನ್ನು ಅದಕ್ಕೆ ಸಿಕ್ಕಿಸಿ ಎತ್ತಿದರೆ ಎಷ್ಟು ಕಿಲೋ ಎಂದು ತೋರಿಸುವ, ಅಂಗೈಯಗಲದ ಸಾಮಾನು. ಪರ್ತ್‌ನ ಕ್ಯಾನಿಂಗ್ಟನ್ ಬಡಾವಣೆಯ ಕನ್ನಡದ ವಿದ್ಯಾರ್ಥಿಗಳು ಯಾರೂ ಅದನ್ನು ಕೊಂಡವರಲ್ಲ. ಡಾಕ್ಟರ್ ಲಿಂಗರಾಜ ಅವರ ಹೆಂಡತಿ ನಾಗವೇಣಿ ಆಂಟಿಯ ಬಳಿ ಒಂದಿತ್ತು, ಎಲ್ಲರೂ ಅದನ್ನೇ ಎರವಲು ತರುತ್ತಿದ್ದರು. ಕೊಕ್ಕೆ ಕೇಳಿದವನು ಊರಿಗೆ ಹೊರಟ ಎಂದೇ ಅರ್ಥ. ಊರಿಗೆ ಹೊರಟವನು ಆಂಟಿಯ ಅತ್ತಿಗೆಗೆ ವಿಟಮಿನ್ ಮಾತ್ರೆ, ಆಂಟಿಯ ತಮ್ಮನ ಮಕ್ಕಳಿಗೆ ಚಾಕೊಲೇಟು ಒಯ್ಯಲೇಬೇಕೆಂಬುದು ಇಲ್ಲಿನ ಕಾನೂನು. ಯಶವಂತ ಹಿಂದಿನ ದಿನ ಕೊಕ್ಕೆ ಕೇಳಿದ್ದ. ಅದಕ್ಕೇ ಶನಿವಾರ ಬೆಳಗ್ಗೆಯೇ ಆಂಟಿ ಒಂದು ಕೈಯಲ್ಲಿ ಕೊಕ್ಕೆ, ಇನ್ನೊಂದು ಕೈಯಲ್ಲಿ ಊರಿಗೆ ಕಳಿಸುವ ಗಂಟು ಹಿಡಿದು ಬಂದಿದ್ದರು.

ಯಶವಂತ ತಲೆಯ ತುಂಬ ನೊರೆ ಇಟ್ಟುಕೊಂಡೇ, ಟವೆಲ್ ಸುತ್ತಿಕೊಂಡು ಹೊರಗೆ ಓಡಿ ಬಂದ. ಅಷ್ಟರಲ್ಲಿ ಉತ್ತಮ್, ಟೇಬಲ್ ಮೇಲೆ ತೆರೆದೇ ಬಿಟ್ಟಿದ್ದ ಲ್ಯಾಪ್‌ಟಾಪಿನಲ್ಲಿ ಆಂಟಿಗೆ ವ್ಯಾನಿನ ಚಿತ್ರ ತೋರಿಸುತ್ತಿದ್ದ.

“ಹತ್ತು ಸೀಟಿದೆ ನೋಡಿ ಆಂಟಿ. ಎಸಿನೂ ಇದೆ.”

“ಹತ್ತು ಸೀಟಲ್ಲಿ ಒಬ್ಬನೇ ಕೂತ್ಕೊಂಡು ಹೋಗ್ತೀಯೇನೋ ಯಶು?” ಎಂದರು ಆಂಟಿ. ಖಾಲಿ ಸೀಟು ಕಂಡರೆ ಅವರಿಗೆ ತಟ್ಟೆಯಲ್ಲಿ ಅನ್ನ ಬಿಟ್ಟಷ್ಟೇ ಸಂಕಟ. “ದೇವರು ಮೆಚ್ಚಲ್ಲ ಕಣೋ. ನಿಮ್ಮ ಅಂಕಲ್‌ಗೂ ರಜ ಇದೆ. ನಾವು ಮೂರು ಜನ ಬರ್ತೀವಿ ಬಿಡು.”

ಯಶವಂತನ ಕಣ್ಣಿಗೆ ಶಾಂಪೂ ಇಳಿಯಿತು. ಅತ್ತದ್ದು ಅದಕ್ಕೇ ಎಂದು ಉಳಿದಿಬ್ಬರೂ ತಿಳಿದರು.

ಆ ವ್ಯಾನಿನಲ್ಲಿ ಅವನು ಒಬ್ಬನೇ ಹೋಗುತ್ತಿರಲಿಲ್ಲ. ಅಡಿಲೇಡಿನ ಬ್ಲೇರ್ ಅಥಾಲ್‌ನಲ್ಲಿದ್ದುಕೊಂಡು ನರ್ಸಿಂಗ್ ಓದುತ್ತಿದ್ದ ಸ್ಪಂದನಾ ಅಲ್ಲಿಂದ ನೇರ ಬರುವವಳಿದ್ದಳು. ಇದು ಉತ್ತಮ್‌ಗೂ ಗೊತ್ತಿರಲಿಲ್ಲ. ಅವನಿಗೆ ಗುಟ್ಟು ಹೇಳುವುದೂ ಜರಡಿಯಲ್ಲಿ ನೀರು ತರುವುದೂ ಒಂದೇ.

ಇವರಿಬ್ಬರೂ ಆಸ್ಟ್ರೇಲಿಯಾದಲ್ಲಿ ಭೇಟಿಯಾಗಲು ಪ್ರಯತ್ನಿಸಿರಲಿಲ್ಲವೆಂದಲ್ಲ. ಪರ್ತ್‌ನಲ್ಲಿ ಸಾಧ್ಯವೇ ಇರಲಿಲ್ಲ, ಏಕೆಂದರೆ ಸ್ಪಂದನಾಳ ಚಿಕ್ಕಮ್ಮ ಮಾಲವಿಕಾ ಇದ್ದುದು ಅಲ್ಲೇ. ಅಡಿಲೇಡಿನಲ್ಲಿ ಅವಳ ಮನೆಯೊಡತಿ ಬನಶಂಕರಿ ಆಂಟಿ ಕಿಟಕಿಯ ಪರದೆಯನ್ನು ಮುಚ್ಚಿದ್ದನ್ನು ಯಾರೂ ಕಂಡಿರಲಿಲ್ಲ. ಯಾರಿಗೂ ಸಂಬಂಧವಿಲ್ಲದ ಊರೆಂದು ಬ್ರಿಸ್ಬೇನಿನ ನಾರ್ತ್ ಲೇಕ್ಸ್ ಮಾಲ್‌ಗೆ ಹೋಗಿ ಒಂದು ಐಸ್‌ಕ್ರೀಂ ಕೊಂಡಿದ್ದರು, ಎರಡು ಚಮಚ ಹಾಕಿಸಿಕೊಂಡು. ಎಸ್ಕಲೇಟರಿನ ಮೇಲಿಂದ ಯಾರೋ “ಏನಮ್ಮಾ, ಕನ್ನಡದವರಾ?” ಎಂದರು. ಐಸ್‌ಕ್ರೀಂ ಕರಗುವ ಮೊದಲೇ ಮೈಸೂರಿನಿಂದ ಅವಳ ಅಮ್ಮನ ಫೋನು: “ಎರಡನೇ ಚಮಚ ಯಾರದ್ದೇ?”

ಆಗ ಹುಡುಕಿದ್ದು ಉತ್ತರ ಥಾಯ್ಲೆಂಡನ್ನು. ಮೂರು ದಿನ. ಬೆಟ್ಟದ ಮೇಲಿನ ಬುದ್ಧನ ಗುಡಿ, ಆನೆಗಳಿಗೆ ಸ್ನಾನ, ಭತ್ತದ ಗದ್ದೆ, ಕೊನೆಗೆ ಒಂದು ವಿಚಿತ್ರ ಜಲಪಾತ. ಅದರ ಬಂಡೆ ಜಾರುವುದಿಲ್ಲವಂತೆ, ನೀರು ಸುರಿಯುತ್ತಿರುವಾಗಲೇ ಬರಿಗಾಲಲ್ಲಿ ಹತ್ತಿಕೊಂಡು ಹೋಗಬಹುದಂತೆ. ಕಾಲು ಜಾರದ ಆ ಜಾಗದಲ್ಲಿ “ನನ್ನ ಮದುವೆ ಆಗ್ತೀಯಾ” ಎಂಬ ಮಾತನ್ನು ಮೆಲ್ಲಗೆ ಜಾರಿಸಬೇಕೆಂದು ಯಶವಂತ ಇಡೀ ಸೆಮಿಸ್ಟರು ಪೆಟ್ರೋಲ್ ಬಂಕಿನಲ್ಲಿ ಕಾರುಗಳಿಗೆ ಬಿಲ್ ಹಾಕುತ್ತ ಕನಸು ಕಂಡಿದ್ದ. ಈ ರಜೆ ತಪ್ಪಿದರೆ ಸ್ಪಂದನಾ ಟ್ರೈನಿಂಗಿಗೆಂದು ಎಲ್ಲೋ ದೂರದ ಆಸ್ಪತ್ರೆ ಸೇರುತ್ತಾಳೆ. ಆಮೇಲೆ ವರ್ಷಗಟ್ಟಲೆ ಫೋನಿನ ಪರದೆಯ ಮೇಲಷ್ಟೇ ದರ್ಶನ.

ತಲೆ ತೊಳೆದುಕೊಂಡು ಬಂದು ಯಶವಂತ ಯುದ್ಧಕ್ಕೆ ಇಳಿದ.

“ಆಂಟಿ, ಅಲ್ಲಿ ಗುಡಿಗೆ ಮುನ್ನೂರು ಮೆಟ್ಟಿಲು ಹತ್ಬೇಕು. ನಿಮ್ಮ ಮಂಡಿ...”

“ಚಾಮುಂಡಿ ಬೆಟ್ಟದ ಸಾವಿರ ಮೆಟ್ಟಿಲಿಗೂ ಅರಿಶಿನ ಕುಂಕುಮ ಹಚ್ಕೊಂಡು ಹತ್ತಿದವಳು ಕಣೋ ನಾನು.”

“ಕಾಡಲ್ಲಿ ನಡೀಬೇಕು. ಜಿಗಣೆ ಕಾಟ.”

“ನಮ್ಮೂರು ಸಕಲೇಶಪುರ. ಜಿಗಣೆಗಳು ನನ್ನ ಜೊತೆ ಸ್ಕೂಲಿಗೆ ಬರ್ತಿದ್ವು.”

“ಊಟದ್ದೇ ಕಷ್ಟ ಆಂಟಿ. ಪಲ್ಯಕ್ಕೂ ಮೀನಿನ ಸಾಸ್ ಹಾಕ್ತಾರೆ.”

ಆಂಟಿಯ ಮುಖ ಒಂದು ಗಳಿಗೆ ಬಾಡಿತು. ಯಶವಂತನ ಮುಖ ಅರಳಿತು. ಅರಳಿದ್ದು ಪೂರ್ತಿ ಬಿಚ್ಚಿಕೊಳ್ಳುವ ಮೊದಲೇ ಆಂಟಿ ಚಿಟಿಕೆ ಹೊಡೆದರು. “ಕುಕ್ಕರ್ ತರ್ತೀನಿ. ಸಣ್ಣದು. ತೂಕ ನೋಡೋಕೆ ಕೊಕ್ಕೆ ಹೆಂಗೂ ಇದೆ.”

ಆಂಟಿ ಹೋದ ಮೇಲೆ ಯಶವಂತ ಉತ್ತಮ್‌ನನ್ನು ಗೋಡೆಗೆ ಒತ್ತಿ ಹಿಡಿದ. “ಇನ್ನೊಬ್ಬರ ಹತ್ರ ಬಾಯಿ ಬಿಟ್ರೆ ನಿನ್ನ ಕಥೆ ಮುಗೀತು.”

“ನಾನ್ಯಾಕೆ ಹೇಳ್ಲಿ ಮಗಾ? ನನ್ನ ಪಾಡಿಗೆ ಶಿಫ್ಟಿಗೆ ಹೋಗ್ತೀನಿ,” ಎಂದು ಉತ್ತಮ್ ಕೆಲಸಕ್ಕೆ ಹೋದ. ಅವನ ಕೆಲಸ ಇಂಡಿಯನ್ ದಿನಸಿ ಅಂಗಡಿಯಲ್ಲಿ. ಆ ಹೊತ್ತಿಗೆ ಕರಿಬೇವು ಕೊಳ್ಳಲು ಬಂದವರು ಮಾಲವಿಕಾ ಆಂಟಿ.

ಮಧ್ಯಾಹ್ನ ಯಶವಂತನ ಫೋನು ಹೊಡೆದುಕೊಂಡಿತು. ಮಾಲವಿಕಾ ಹಲ್ಲಿನ ಡಾಕ್ಟರು. ರೋಗಿಯ ಬಾಯಿಗೆ ಹತ್ತಿ ತುರುಕಿ ಪ್ರಶ್ನೆ ಕೇಳಿ ಅಭ್ಯಾಸವಾಗಿ, ಉತ್ತರಕ್ಕೆ ಕಾಯುವುದನ್ನೇ ಅವರು ಮರೆತಿದ್ದರು.

“ಯಶವಂತ, ಚೆನ್ನಾಗಿದೀಯಾ? ಗುಡ್. ನಿನ್ನ ವ್ಯಾನಲ್ಲಿ ಜಾಗ ಇದೆಯಂತೆ, ಅಲ್ವಾ? ಗುಡ್. ನಾನು, ನಮ್ಮೆಜಮಾನ್ರು, ನಮ್ಮ ಮಾವನವರು ಶ್ರೀಕಂಠಯ್ಯನವರು. ಮಾವನವರಿಗೆ ಕಿಟಕಿ ಸೀಟು. ಆಯ್ತಾ? ಗುಡ್.” ಫೋನು ಕಟ್ಟಾಯಿತು.

ಯಶವಂತ ಹಾಸಿಗೆಯ ಮೇಲೆ ಕುಸಿದ. ನಾಗವೇಣಿ ಆಂಟಿ ಬಂದರೆ ಏಕಾಂತ ಹೋಗುತ್ತದೆ. ಮಾಲವಿಕಾ ಆಂಟಿ ಬಂದರೆ ಸ್ಪಂದನಾಳೇ ಹೋಗುತ್ತಾಳೆ. ಥಾಯ್ಲೆಂಡಿನ ಚಿಯಾಂಗ್ ಮಾಯ್ ವಿಮಾನ ನಿಲ್ದಾಣದಲ್ಲಿ ಅಕ್ಕನ ಮಗಳು ಸೂಟ್‌ಕೇಸ್ ಎಳೆದುಕೊಂಡು ಎದುರು ಬಂದರೆ, ಸಂಜೆಯೊಳಗೆ ಮೈಸೂರಿನಲ್ಲಿ ವರಾನ್ವೇಷಣೆ ಶುರು.

ಸ್ಪಂದನಾಳಿಗೆ ಫೋನ್ ಮಾಡಿದ. ಅವಳು ಎಲ್ಲ ಕೇಳಿ, “ನಿನಗೆ ಕೊಕ್ಕೆ ಯಾಕೋ ಬೇಕಿತ್ತು? ಎರಡು ಪ್ಯಾಂಟು, ಮೂರು ಟೀ ಶರ್ಟು. ಅದನ್ನ ತೂಗ್ತಾರಾ?” ಎಂದಳು.

“ಟ್ರಯಲ್ ಪ್ಯಾಕಿಂಗ್ ಮಾಡು ಅಂದೋಳು ನೀನೇ ಅಲ್ವಾ.”

“ಸಂಜೆಯೊಳಗೆ ಚಿಕ್ಕಮ್ಮನ್ನ ಇಳಿಸು. ಇಲ್ದಿದ್ರೆ ನಾನೇ ಇಳ್ಕೋತೀನಿ. ವ್ಯಾನಿಂದಷ್ಟೇ ಅಲ್ಲ, ಎಲ್ಲದರಿಂದಲೂ.”

ಪ್ರಾಣಸಂಕಟದಲ್ಲಿ ಬುದ್ಧಿ ಹೊಳೆಯುತ್ತದೆ ಎನ್ನುವುದು ಸುಳ್ಳಲ್ಲ. ಯಶವಂತನಿಗೆ ಹಳೆಯ ಜಗಳ ನೆನಪಾಯಿತು.

ಹಿಂದಿನ ರಾಜ್ಯೋತ್ಸವದ ಊಟದಲ್ಲಿ ನಾಗವೇಣಿ ಆಂಟಿ ಬಿಸಿಬೇಳೆಬಾತು ಮಾಡಿದ್ದರು, ಮಾಲವಿಕಾ ಆಂಟಿ ಮೊಸರನ್ನ. ಬಡಿಸುವ ಸಾಲಿನಲ್ಲಿ ಮಾಲವಿಕಾ ಆಂಟಿ ತಮ್ಮ ಪಾತ್ರೆಯನ್ನು ಮುಂದಿಟ್ಟುಬಿಟ್ಟರು. ಜನ ಬಂದರು, ಮೊಸರನ್ನ ತಿಂದರು, ಊಟ ಮುಗಿಯಿತೆಂದು ಕೈ ತೊಳೆದರು. ಮೊಸರನ್ನ ತಿಂದ ಕನ್ನಡಿಗ ಮತ್ತೆ ಬಿಸಿಬೇಳೆಬಾತಿಗೆ ಕೈ ಒಡ್ಡಿದ ಇತಿಹಾಸ ಎಲ್ಲಿದೆ? ತುಂಬಿದ ಕೊಳಗ ತುಂಬಿದಂತೆಯೇ ಮನೆಗೆ ಮರಳಿತು. ಅದನ್ನು ಒಂದು ವಾರ ತಿಂದವರು ಯಶವಂತ ಮತ್ತು ಉತ್ತಮ್. ಮರುವಾರವೇ ಕನ್ನಡ ಕೂಟ ಎರಡಾಯಿತು. ಆಸ್ತಿಯೂ ಭಾಗವಾಯಿತು. ಸನ್ಮಾನದ ಮೈಸೂರು ಪೇಟ ನಾಗವೇಣಿ ಆಂಟಿಯ ಬಣಕ್ಕೆ, ಶಾಲು ಮಾಲವಿಕಾ ಆಂಟಿಯ ಬಣಕ್ಕೆ. ಅಂದಿನಿಂದ ಪರ್ತ್‌ನಲ್ಲಿ ಒಬ್ಬರಿಗೂ ಪೂರ್ತಿ ಸನ್ಮಾನ ಆಗಿರಲಿಲ್ಲ. ವಿದ್ಯಾರ್ಥಿಗಳಿಗೆ ಮಾತ್ರ ಎರಡೆರಡು ಯುಗಾದಿ, ಎರಡೆರಡು ಹೋಳಿಗೆ ಊಟ. ಸುಖವಾಗಿದ್ದರು.

ಯಶವಂತ ಸೀದಾ ನಾಗವೇಣಿ ಆಂಟಿಯ ಮನೆಗೆ ಹೋದ.

“ಆಂಟಿ, ಒಂದು ಮಾತು. ಮಾಲವಿಕಾ ಆಂಟಿನೂ ಬರ್ತಿದಾರೆ. ಮುಂದಿನ ಸೀಟು ಅವರದ್ದಂತೆ.”

ಮುಂದಿನ ಸೀಟಿನ ಮಾತು ಅವನ ಸ್ವಂತ ಕೈಯದು, ಒಗ್ಗರಣೆ. ಅದು ಚೆನ್ನಾಗಿಯೇ ಸಿಡಿಯಿತು.

“ಮತ್ತೆ ಮುಂದೆನಾ? ಅವಳಿರೋ ವ್ಯಾನಿಗೆ ನಾನು ಕಾಲಿಡಲ್ಲ,” ಎಂದು ಆಂಟಿ ಫೋನು ಕೈಗೆತ್ತಿಕೊಂಡರು. “ಇರು, ಈಗ್ಲೇ ಕೇಳ್ತೀನಿ.”

ಒಳಗಿನ ಕೋಣೆಯಿಂದ ಅವರ ಮಗಳು ಅಪರ್ಣಾ “ಅಮ್ಮಾ, ಪ್ಲೀಸ್, ನಾಟ್ ಅಗೇನ್,” ಎಂದಳು.

ಇಬ್ಬರೂ ಮಾತಾಡಿದರೆ ಒಗ್ಗರಣೆ ಬಯಲಾಗುತ್ತದೆ. ಫೋನು ತಡೆಯಲು ಯಶವಂತ ಬಾಯಿಗೆ ಬಂದದ್ದನ್ನು ಹೇಳಿದ: “ಬೇಡ ಆಂಟಿ, ಪಾಪ, ಅವರು ನಿಮ್ಮ ಬಗ್ಗೆ ಒಳ್ಳೇದೇ ಹೇಳಿದ್ರು. ದಾರಿಗೆ ನಾಗವೇಣಿ ಕೈಯ ಬಿಸಿಬೇಳೆಬಾತ್ ಇದ್ದಿದ್ರೆ ಎಷ್ಟು ಚೆನ್ನಾಗಿರ್ತಿತ್ತು ಅಂತ.”

ಆಂಟಿಯ ಬೆರಳು ಫೋನಿನ ಮೇಲೇ ನಿಂತಿತು. “ಹಂಗಂದ್ಲಾ?” ಎಂದು ಫೋನನ್ನು ಟೇಬಲ್ ಮೇಲೆ ಇಟ್ಟರು. “ಇರ್ಲಿ. ಆದ್ರೂ ನಾನು ಬರಲ್ಲ ಬಿಡು.”

ಮಾಲವಿಕಾ ಆಂಟಿಯ ಮನೆಯಲ್ಲೂ ಅದೇ ಬಾಣ. ನಾಗವೇಣಿ ಆಂಟಿ ಬರುತ್ತಾರೆ ಎಂದ ಕೂಡಲೇ ಅವರು ಮೂರು ಸೀಟನ್ನೂ ಬಿಟ್ಟುಕೊಟ್ಟು ಫೋನಿಗೆ ಕೈ ಹಾಕಿದರು. ಅಲ್ಲೂ ಅದೇ ಮುಲಾಮು: “ಆ ಸೆಕೆಗೆ ಮಾಲವಿಕಾ ಮೊಸರನ್ನ ಒಂದಿದ್ರೆ ಸಾಕು ಅಂದ್ರು ಆಂಟಿ.” ಮಾಲವಿಕಾ ಆಂಟಿ ಜೀವನದಲ್ಲಿ ಮೊದಲ ಸಲ ಉತ್ತರಕ್ಕೆ ಕಾದರು. “ನಿಜವಾಗ್ಲೂ?”

“ದೇವ್ರಾಣೆ.”

ಹೊರಗೆ ಬಂದು ಯಶವಂತ ಆಕಾಶಕ್ಕೆ ಒಂದು ಗುದ್ದು ಕೊಟ್ಟ. ಕ್ಯಾನಿಂಗ್ಟನ್ ಸ್ಟೇಷನ್ನಿನವರೆಗೆ ನಡೆಯಲಿಲ್ಲ, ಮೆರವಣಿಗೆ ಹೋದ. ಸ್ಪಂದನಾಳಿಗೆ ಫೋನಿನಲ್ಲಿ, “ಹತ್ತೂ ಸೀಟು ಖಾಲಿ. ಒಂದ್ರಲ್ಲಿ ನೀನು, ಒಂದ್ರಲ್ಲಿ ನಾನು, ಉಳಿದಿದ್ರಲ್ಲಿ ನಮ್ಮ ಕಾಲು,” ಎಂದ.

“ನನ್ನ ರಾಜ,” ಎಂದಳು ಅವಳು.

ರಾಜನ ಆಳ್ವಿಕೆ ಸಂಜೆಯವರೆಗೆ ನಡೆಯಿತು.

ಇನ್ನೂ ಬೆಳಕಿರುವಾಗಲೇ ಉತ್ತಮ್ ಓಡಿ ಬಂದ. “ಮಗಾ, ಬೇಗ ನಡಿ. ನಾಗವೇಣಿ ಆಂಟಿ ಕರೀತಿದಾರೆ. ಇಸ್ತ್ರಿ ಮಾಡಿದ ಶರ್ಟ್ ಹಾಕ್ಕೋಬೇಕಂತೆ.”

ಆಂಟಿಯ ಮನೆ ಮುಂದೆ ಕಾರುಗಳ ಸಾಲು. ಹಿತ್ತಲಲ್ಲಿ ಎರಡೂ ಬಣದವರು ನೆರೆದಿದ್ದರು. ನಡುವೆ, ಒಂದೇ ಸೋಫಾದ ಮೇಲೆ, ಒಂದೇ ತಟ್ಟೆಯಿಂದ ಹಪ್ಪಳ ಮುರಿಯುತ್ತ ನಾಗವೇಣಿ ಆಂಟಿ ಮತ್ತು ಮಾಲವಿಕಾ ಆಂಟಿ. ಯಶವಂತ ಬಾಗಿಲಲ್ಲೇ ನಿಂತುಬಿಟ್ಟ.

ಡಾಕ್ಟರ್ ಲಿಂಗರಾಜ ಅಂಕಲ್ ಎದ್ದು ನಿಂತು ಗಂಟಲು ಸರಿಮಾಡಿಕೊಂಡರು. ನಡೆದದ್ದು ಇಷ್ಟು: ಮಧ್ಯಾಹ್ನ ನಾಗವೇಣಿ ಆಂಟಿ ಮನಸ್ಸು ಕರಗಿ, ಬಿಸಿಬೇಳೆಬಾತು ಮಾಡಿ, ಪಾತ್ರೆಯನ್ನು ಕಾರಿಗೆ ಹಾಕಿಕೊಂಡು ಮಾಲವಿಕಾ ಆಂಟಿಯ ಮನೆಗೆ ಹೊರಟಿದ್ದರು. ಮೊಸರನ್ನದ ಪಾತ್ರೆ ಹಾಕಿಕೊಂಡು ಮಾಲವಿಕಾ ಆಂಟಿ ಈ ಕಡೆ ಹೊರಟಿದ್ದರು. ಆಲ್ಬನಿ ಹೈವೇಯ ಸಿಗ್ನಲ್ಲಿನಲ್ಲಿ ಇಬ್ಬರ ಕಾರೂ ಎದುರುಬದುರು ನಿಂತವು. ಹಸಿರು ದೀಪ ಬಂದರೂ ಇಬ್ಬರೂ ಕದಲಲಿಲ್ಲ, ಅಳುತ್ತಿದ್ದರು. ಹಿಂದಿನವರು ಹಾರ್ನ್ ಹೊಡೆದದ್ದನ್ನು ಅಂಕಲ್ ಮಂಗಳವಾದ್ಯಕ್ಕೆ ಹೋಲಿಸಿದರು.

“ಒಡೆದ ಕೂಟಾನ ಒಂದು ಮಾಡಿದ ಹುಡುಗ ಇವನು,” ಎಂದರು. ನಾಗವೇಣಿ ಆಂಟಿ ಪೇಟ ತೊಡಿಸಿದರು. ಮಾಲವಿಕಾ ಆಂಟಿ ಶಾಲು ಹೊದಿಸಿದರು. ಚಪ್ಪಾಳೆಗೆ ಪಕ್ಕದ ಮನೆಯ ನಾಯಿ ಕೂಡ ಬೊಗಳಿತು. ಈ ಸಲ ಬಿಸಿಬೇಳೆಬಾತಿನ ಪಾತ್ರೆ ಮುಂದಿತ್ತು. ಉತ್ತಮ್ ಮಾತ್ರ ಮೂಲೆಯಲ್ಲಿ ನಿಂತು, “ಇನ್ಮೇಲೆ ಒಂದೇ ಯುಗಾದಿ ಊಟ ಅಲ್ವೇನೋ ಪಾಪಿ,” ಎಂದು ಹಲ್ಲು ಕಡಿಯುತ್ತಿದ್ದ.

“ಎಲ್ಲಾ ನಿನ್ನ ಪುಣ್ಯ ಯಶು,” ಎಂದು ನಾಗವೇಣಿ ಆಂಟಿ ಕಣ್ಣೊರೆಸಿಕೊಂಡರು. “ಅದಕ್ಕೇ ನಾವೆಲ್ಲಾ ಒಟ್ಟಿಗೆ ಬರ್ತಿದೀವಿ. ಹತ್ತು ಸೀಟು ಎಲ್ಲಿ ಸಾಲತ್ತೆ? ಅಂಕಲ್ ಆಗ್ಲೇ ಗೈಡ್ ಜೊತೆ ಮಾತಾಡಿ ದೊಡ್ಡ ಬಸ್ ಹೇಳಿದಾರೆ. ಪ್ರೈವೇಟೇ. ಬೇರೆಯವರು ಒಬ್ಬರೂ ಇರಲ್ಲ.”

ಯಶವಂತ ಪೇಟ ಹಿಡಿದುಕೊಂಡ. ತಲೆ ತಿರುಗಿದರೆ ಅದು ಬೀಳಬಾರದಲ್ಲ.

“ಇನ್ನೊಂದು,” ಎಂದರು ಮಾಲವಿಕಾ ಆಂಟಿ. “ಅಡಿಲೇಡಲ್ಲಿ ನಮ್ಮಕ್ಕನ ಮಗಳು ಸ್ಪಂದನಾ ಅಂತ ಇದಾಳೆ. ನಿನಗೆ ಗೊತ್ತಿಲ್ಲ. ಗುಡ್. ಅವಳನ್ನೂ ಹೊರಡು ಅಂದೆ. ಕೇಳಿದ ತಕ್ಷಣ ಟಿಕೆಟ್ ಆಯ್ತು ಚಿಕ್ಕಮ್ಮಾ ಅಂದ್ಲು. ಏನ್ ಚುರುಕು ಹುಡುಗಿ. ನನ್ನ ಪಕ್ಕದಲ್ಲೇ ಕೂರಿಸ್ಕೋತೀನಿ. ಪಾಪ, ಒಡಹುಟ್ಟಿದೋರು ಯಾರೂ ಇಲ್ಲ. ನೀನೇ ಸ್ವಂತ ಅಣ್ಣನ ತರ ನೋಡ್ಕೋಬೇಕು. ನೋಡ್ಕೋತೀಯಾ? ಗುಡ್. ನಿನ್ನ ನಂಬರೂ ಕೊಟ್ಟಿದೀನಿ.”

ಜೇಬಿನಲ್ಲಿ ಫೋನು ಗುರ್ರೆಂದಿತು. ಶಾಲಿನ ಮರೆಯಲ್ಲಿ ಮೆಲ್ಲಗೆ ತೆಗೆದು ನೋಡಿದ. ಸ್ಪಂದನಾಳ ಮೆಸೇಜು.

“ಸನ್ಮಾನಕ್ಕೆ ಶುಭಾಶಯ, ಅಣ್ಣಾ.”

ಫೋಟೋ ತೆಗೆಯುತ್ತಿದ್ದವರು ನಗು ಎಂದರು. ಯಶವಂತ ನಕ್ಕ. ಪೇಟದಲ್ಲಿ ಅವನು ನಿಜಕ್ಕೂ ರಾಜನಂತೆಯೇ ಕಾಣುತ್ತಿದ್ದ, ರಾಜ್ಯ ಕಳೆದುಕೊಂಡ ಸಂಜೆಯಲ್ಲಿ ಚಿತ್ರ ಬರೆಸಿಕೊಂಡ ರಾಜನಂತೆ.

“ನಾಳೆ ಹತ್ತು ಗಂಟೆಗೆ ಇಲ್ಲೇ ಮೀಟಿಂಗು,” ಎಂದು ನಾಗವೇಣಿ ಆಂಟಿ ಅವನ ತಟ್ಟೆಗೆ ಇನ್ನೊಂದು ಸೌಟು ಬಿಸಿಬೇಳೆಬಾತು ಬಡಿಸಿದರು. “ಟೂರ್ ಲೀಡರ್ ನೀನೇ, ತಡ ಮಾಡ್ಬೇಡ. ಬರೋವಾಗ ಆ ಕೊಕ್ಕೆ ತಗೊಂಡು ಬಾ. ಎಲ್ಲರ ಬ್ಯಾಗೂ ತೂಗ್ಬೇಕು.”