ಕಣಕದ ಹೊಲ

ಆರ್ಬಿ ಕಾಡಿಲ್‌ನ ಹೊಲ ನೆಟ್ಟಗಿದ್ದಿದ್ದರೆ ಈ ಕತೆಯೇ ಇರುತ್ತಿರಲಿಲ್ಲ. ಆದರೆ ಕೆಂಟಕಿಯ ಆ ಕಣಿವೆಯಲ್ಲಿ ಆ ಕಾಲಕ್ಕೆ ನೆಟ್ಟಗಿದ್ದದ್ದು ಏನಿತ್ತು ಹೇಳಿ? ಗುಡ್ಡದ ಬುಡ ಡೊಂಕು, ರಸ್ತೆ ಡೊಂಕು, ಚರ್ಚಿನ ಗೋಪುರವೂ ಸ್ವಲ್ಪ ವಾಲಿಕೊಂಡೇ ಇತ್ತು. ಹಳ್ಳವಂತೂ ಒಮ್ಮೆ ಈಚೆ ಬಾಗಿ ಒಮ್ಮೆ ಆಚೆ ಬಾಗಿ ಕುಡಿದವನ ಹಾಗೆ ಹರಿಯುತ್ತಿತ್ತು. ಈಚೆಯ ಬಾಗಿನಲ್ಲಿ ಆರ್ಬಿಯ ಹೊಗೆಸೊಪ್ಪಿನ ಹೊಲ, ಆಚೆಯ ಬಾಗಿನಲ್ಲಿ ಎಸ್ಟಿಲ್ ಕೂಂಬ್ಸ್‌ನದು. ಎರಡೂ ಕಲ್ಲಂಗಡಿ ಹೋಳಿನ ಹಾಗೆ, ಒಂದರ ತಲೆಯಿದ್ದ ಕಡೆ ಇನ್ನೊಂದರ ಕಾಲು. ಯಾರು ಎಷ್ಟು ಜಾಗದಲ್ಲಿ ಹೊಗೆಸೊಪ್ಪು ಬೆಳೆಯಬಹುದು ಅಂತ ಆಗ ಸರ್ಕಾರ ಪಾಲು ಗೊತ್ತುಮಾಡುತ್ತಿತ್ತು. ಇವರಿಬ್ಬರಿಗೂ ಸಿಕ್ಕಿದ್ದು ಸಮಪಾಲು.

ಜುಲೈ ತಿಂಗಳ ಒಂದು ಬೆಳಿಗ್ಗೆ ಅಳತೆಯ ಅಧಿಕಾರಿ ಪ್ರೂಯಿಟ್ ಬಂದರು. ಆರ್ಬಿಯ ಹೆಂಡತಿ ಝೆಲ್ಮಾ ಕೊಟ್ಟ ಕಾಫಿ ಕುಡಿದರು, ವಿಮಾನದಿಂದ ತೆಗೆದ ಫೋಟೋ ಒಂದನ್ನು ಜಗಲಿಯ ಮೇಜಿನ ಮೇಲೆ ಹರಡಿದರು.

"ನಿಮ್ಮ ಹೊಲ ಪಾಲು ಮೀರಿದೆ ಆರ್ಬಿ. ಹಳ್ಳದ ಬಾಗಿನ ಕಡೆಯಿಂದ ಒಂದು ಪಟ್ಟಿ ಕಡೀಬೇಕು. ಸಂಜೆ ಬಂದು ನೋಡ್ತೀನಿ. ಕಡೀದಿದ್ರೆ ಇಡೀ ಬೆಳೆಗೆ ದಂಡ ಬೀಳುತ್ತೆ."

ಆರ್ಬಿ ಹಳ್ಳದ ಕಡೆ ನೋಡಿದ. ಹಳ್ಳದ ಬಾಗೆಂದರೆ ಕಪ್ಪು ಮಣ್ಣು, ಹೊಲದಲ್ಲೇ ಎತ್ತರದ ಗಿಡಗಳು. ಅವನಪ್ಪ ಮಂಡಿಯೂರಿ ಕೂತು, ಮಗನ ಪುಟ್ಟ ಬೆರಳು ಹಿಡಿದು ಮೊದಲ ಸಸಿ ನೆಡಿಸಿದ್ದು ಅಲ್ಲೇ. ಅಪ್ಪ ಹೋದ ಮೇಲೂ ಪ್ರತಿ ವರ್ಷದ ಮೊದಲ ಸಸಿಯನ್ನು ಆರ್ಬಿ ಅಲ್ಲೇ ನೆಡುತ್ತಿದ್ದ.

"ಗುಡ್ಡದ ಕಡೆ ಬಡಕಲು ಗಿಡ ಇವೆ, ಅವನ್ನ ಕಡೀತೀನಿ."

"ಆಗಲ್ಲ. ಹಳ್ಳದ ಕಡೆಗೇ ಚಾಚಿರೋದು."

"ಇದನ್ನ ಹೇಗೆ ಕಂಡುಹಿಡಿದ್ರಿ?"

ಪ್ರೂಯಿಟ್ ಪೆಟ್ಟಿಗೆಯಿಂದ ಎರಡು ಕಾಲಿನ, ಪುಟ್ಟ ಗಾಲಿಯ ಉಪಕರಣ ತೆಗೆದರು. "ಇದರ ಮೊನೆಯನ್ನ ಫೋಟೋದಲ್ಲಿ ಹೊಲದ ಅಂಚಿನ ಮೇಲೆ ಒಂದು ಸುತ್ತು ಓಡಿಸಿದರೆ ಸಾಕು. ಒಳಗೆ ಎಷ್ಟು ಜಾಗ ಇದೆ ಅಂತ ಗಾಲಿ ಹೇಳುತ್ತೆ."

"ಸುತ್ತ ಓಡಾಡಿದ್ರೆ ಒಳಗಿಂದು ಹೇಗೆ ಗೊತ್ತಾಗುತ್ತೆ? ನಾನು ಚರ್ಚಿನ ಸುತ್ತ ಎಷ್ಟೋ ಭಾನುವಾರ ಓಡಾಡಿದ್ದೀನಿ, ಒಳಗೆ ಪಾದ್ರಿಗಳು ಏನಂದ್ರು ಅಂತ ಒಂದು ದಿನವೂ ಗೊತ್ತಾಗಿಲ್ಲ."

"ಅದು ನನಗೆ ಗೊತ್ತಿರೋ ವಿಷಯವೇ," ಎಂದಳು ಝೆಲ್ಮಾ. ಆಕೆ ಮದುವೆಗೆ ಮುಂಚೆ ಶಾಲೆಯಲ್ಲಿ ಲೆಕ್ಕ ಹೇಳಿಕೊಡುತ್ತಿದ್ದವಳು. ಫೋಟೋವನ್ನು ಎಳೆದುಕೊಂಡು ನೋಡಿದಳು. "ಇದರಲ್ಲಿ ಮೇಲು ಯಾವ ಕಡೆ?"

"ಯಾವ ಕಡೆಯಿಂದ ನೋಡಿದರೂ ಅಷ್ಟೇ ಅಮ್ಮ, ನೆಲ ನೆಲವೇ," ಎಂದರು ಪ್ರೂಯಿಟ್, ಕಾಫಿ ಹೀರುತ್ತ.

ತಮ್ಮ ಕೊಟ್ಟಿಗೆಯ ತಗಡು ಸರಿಯಾದ ಜಾಗಕ್ಕೆ ಬರುವ ತನಕ ಝೆಲ್ಮಾ ಫೋಟೋವನ್ನು ತಿರುಗಿಸಿದಳು. ಆಮೇಲೆ ಮೇಣದ ಕಾಗದ ಇಟ್ಟು ಹೊಲದ ಅಂಚನ್ನು ಗೆರೆ ಬಿಡದೆ ಎಳೆದುಕೊಂಡಳು. "ಈ ಫೋಟೋದ ಅಳತೆಗೆ ಸರ್ಕಾರದ ಪಾಲು ಎಷ್ಟು ದೊಡ್ಡ ಚೌಕ ಆಗುತ್ತೆ, ಬರೆದುಕೊಡಿ." ಅವರು ಅಳತೆಪಟ್ಟಿ ಹಿಡಿದು ಪಕ್ಕದಲ್ಲೇ ಒಂದು ಚೌಕ ಬರೆದುಕೊಟ್ಟರು. "ಕಡಿಮೆ ಅಂತ ನೀವು ತೋರಿಸಿದ್ರೆ ಮತ್ತೆ ಅಳೀತೀನಿ," ಎಂದು ನಕ್ಕು ಹೊರಟರು.

ಝೆಲ್ಮಾ ರಾತ್ರಿಯ ಊಟದ ಮೆತ್ತನೆ ಬಿಸ್ಕಿಟ್ಟಿಗೆ ಕಲಸಿದ್ದ ಕಣಕವನ್ನು ತೆಗೆದು ಲಟ್ಟಿಸತೊಡಗಿದಳು.

"ಮನೆಗೆ ಬೆಂಕಿ ಬಿದ್ದಿರೋವಾಗ ನಿನಗೆ ಅಡುಗೆ ಚಿಂತೆ," ಎಂದ ಆರ್ಬಿ.

"ಬಾಯಿ ಮುಚ್ಕೊಂಡು ಹಿಟ್ಟು ಉದುರಿಸು. ಎಲ್ಲ ಕಡೆ ಒಂದೇ ದಪ್ಪಕ್ಕೆ ಲಟ್ಟಿಸಿ, ಹೊಲದ ಆಕಾರ ಒಂದು, ಸರ್ಕಾರದ ಚೌಕ ಒಂದು ಕತ್ತರಿಸ್ತೀನಿ. ಎರಡನ್ನೂ ತೂಗೋಣ. ಹೊಲ ಭಾರ ಇದ್ರೆ ಪಾಲು ಮೀರಿದ್ದೀವಿ, ಹಗುರ ಇದ್ರೆ ಇಲ್ಲ. ಅಷ್ಟೇ ತಾನೆ?"

ಆರ್ಬಿ ಹೆಂಡತಿಯನ್ನು ಮದುವೆಯ ದಿನ ನೋಡಿದ ಹಾಗೆ ನೋಡಿದ. ಮೊದಲು ಕತ್ತರಿಸಿದ ಹೊಲವನ್ನು ಕಿಟಕಿಯ ಬಳಿ ಇಟ್ಟಿದ್ದೇ ತಪ್ಪಾಯಿತು. ಬೇಟೆನಾಯಿ ಬೂನ್ ಒಂದೇ ತುತ್ತಿಗೆ ಹೊಲವನ್ನೆಲ್ಲ ನುಂಗಿ, ಹಳ್ಳದ ಬಾಗನ್ನು ಮೀಸೆಗೆ ಅಂಟಿಸಿಕೊಂಡು ಹೊರಗೆ ಓಡಿತು. ಝೆಲ್ಮಾ ಮತ್ತೆ ಕಣಕ ಕಲಸಿದಳು. ಈ ಗಲಾಟೆ ಕೇಳಿ ಹಳ್ಳ ದಾಟಿ ಬಂದ ಎಸ್ಟಿಲ್ ಬಾಗಿಲಲ್ಲೇ ನಿಂತು ಎಲ್ಲ ಕೇಳಿಸಿಕೊಂಡ.

"ಸರ್ಕಾರದ ಜೊತೆ ಹಿಟ್ಟು ಹಿಡ್ಕೊಂಡು ಜಗಳಕ್ಕೆ ಹೋಗ್ತೀಯಲ್ಲ ಮಾರಾಯ. ಸಂಜೆ ಒಳಗೆ ಕಡಿದುಬಿಡು. ಇಲ್ಲಾಂದ್ರೆ ಇರೋದೂ ಹೋಗುತ್ತೆ."

"ನಿನ್ನ ಹೊಲ ಆಗಿದ್ರೆ ಕಡೀತಿದ್ದೆಯಾ?"

"ನಿಂದು ಅಂತಲೇ ಧೈರ್ಯವಾಗಿ ಹೇಳ್ತಿರೋದು," ಎಂದ ಎಸ್ಟಿಲ್. ಅವನು ಸುಳ್ಳು ಹೇಳುವವನಲ್ಲ.

ತಕ್ಕಡಿ ಇದ್ದದ್ದು ಹೋಬರ್ಟನ ಅಂಗಡಿಯಲ್ಲಿ. ಆ ಅಂಗಡಿಯನ್ನು ನೆನೆದರೆ ಈಗಲೂ ಮೂಗಿಗೆ ಸೀಮೆಎಣ್ಣೆ, ಚೀಸು, ಹೊಸ ಹಗ್ಗ ಮೂರರ ವಾಸನೆ ಒಟ್ಟಿಗೆ ಬರುತ್ತದೆ. ಒಲೆ ಆರಿದ್ದರೂ ಒಲೆಯ ಸುತ್ತಲೇ ಕೂರುವ ಮುದುಕರು ಅಂದೂ ಅಲ್ಲೇ ಇದ್ದರು. ಆರ್ಬಿ ಮಗುವನ್ನು ತರುವ ಹಾಗೆ ಎರಡು ಕೈಯಲ್ಲಿ ಹೊಲವನ್ನು ತಂದ. ಝೆಲ್ಮಾ ಚೌಕವನ್ನು ತಂದಳು.

ಹೋಬರ್ಟ್ ಮೊದಲು ಚೌಕವನ್ನು ತೂಗಿ, ಮುಳ್ಳು ನಿಂತ ಕಡೆ ಗುರುತು ಮಾಡಿದ. ಅದು ಸರ್ಕಾರದ್ದು ಅಂತ ಕೇಳಿ ಎರಡೂ ಕೈಯನ್ನು ದೂರ ಇಟ್ಟುಕೊಂಡೇ ತೂಗಿದ. ಆಮೇಲೆ ಹೊಲ. ಮುಳ್ಳು ಚೌಕದ ಗುರುತನ್ನು ದಾಟಿ ಮುಂದೆ ಹೋಯಿತು.

"ಮೀರಿದೆಯಪ್ಪ ಆರ್ಬಿ," ಎಂದ ಹೋಬರ್ಟ್ ಮರುಕದಿಂದ.

ಆರ್ಬಿ ಹಿಟ್ಟಿನ ಮೂಟೆಯ ಮೇಲೆ ಕುಸಿದು ಕೂತ. ಅವನ ಕಣ್ಣ ಮುಂದೆ ಅಪ್ಪ ಮಂಡಿಯೂರಿ ಕೂತಿದ್ದರು. ಝೆಲ್ಮಾ ಮಾತ್ರ ತಕ್ಕಡಿಯಿಂದ ಕಣ್ಣು ತೆಗೆದಿರಲಿಲ್ಲ.

"ಹೋಬರ್ಟ್, ಹೆಬ್ಬೆರಳು ತೆಗಿ."

ಹೋಬರ್ಟ್ ತನ್ನ ಹೆಬ್ಬೆರಳನ್ನು ಯಾರದೋ ಬೆರಳನ್ನು ನೋಡುವ ಹಾಗೆ ನೋಡಿದ. ಅದು ಹಳ್ಳದ ಬಾಗಿನ ಮೇಲೆ ಹಾಯಾಗಿ ಕೂತಿತ್ತು. "ಅಭ್ಯಾಸ..." ಎಂದವನೇ ನಾಲಿಗೆ ಕಚ್ಚಿಕೊಂಡ. ಒಲೆಯ ಸುತ್ತಲಿನ ಮುದುಕರು ತಾವು ಇಷ್ಟು ವರ್ಷ ಕೊಂಡ ಸಕ್ಕರೆ, ಮೊಳೆ, ಹುರುಳಿಕಾಯಿ ಬೀಜಗಳನ್ನೆಲ್ಲ ನೆನಪು ಮಾಡಿಕೊಳ್ಳುತ್ತ ಎದ್ದು ನಿಂತರು.

ಬೆರಳು ತೆಗೆದ ಮೇಲೆ ಮುಳ್ಳು ಹಿಂದೆ ಸರಿದು, ಚೌಕದ ಗುರುತಿಗಿಂತ ಈಚೆಗೇ ನಿಂತಿತು. ಹೊಲ ಹಗುರ! ಆರ್ಬಿ ಹೋಬರ್ಟನನ್ನೇ ತಬ್ಬಿಕೊಂಡ. ಅಂಗಡಿಯಲ್ಲಿ ಆ ಹೊತ್ತಿಗೆ ಹೋಬರ್ಟನನ್ನು ತಬ್ಬಿಕೊಳ್ಳುವ ಮನಸ್ಸಿದ್ದವನು ಅವನೊಬ್ಬನೇ.

ಗಂಡಹೆಂಡತಿ ಹೊಲವನ್ನೂ ಚೌಕವನ್ನೂ ಕಾಗದದಲ್ಲಿ ಸುತ್ತಿಕೊಂಡು, ಹರಟುತ್ತ, ಇಳಿಬಿಸಿಲಿನಲ್ಲಿ ಮನೆ ಕಡೆ ನಡೆದರು. ಹಳ್ಳದ ಬಾಗಿಗೆ ಬರುತ್ತಲೇ ಆರ್ಬಿಯ ಹರಟೆ ನಿಂತಿತು. ಕಪ್ಪು ಮಣ್ಣಿನ ಪಟ್ಟಿ ಬೋಳಾಗಿ ಮಲಗಿತ್ತು. ಎತ್ತರದ ಗಿಡಗಳೆಲ್ಲ ಬುಡ ಕಡಿಸಿಕೊಂಡು ಬಿದ್ದಿದ್ದವು. ನಡುವೆ ಎಸ್ಟಿಲ್ ಕತ್ತಿ ಹಿಡಿದು ಬೆವರೊರೆಸಿಕೊಳ್ಳುತ್ತಿದ್ದ.

"ನೀವಿಬ್ಬರೂ ಅಂಗಡೀಲಿ ಹೊತ್ತು ಕಳೀತಿದ್ರಿ, ಸಂಜೆ ಆಗ್ತಾ ಬಂತು. ನಿನ್ನ ಬೆಳೆ ಪೂರ್ತಿ ಹೋಗಬಾರದು ಅಂತ ನಾನೇ ಕಡಿದೆ. ಅನುಮಾನ ಬೇಡ ಅಂತ ಸ್ವಲ್ಪ ಜಾಸ್ತೀನೇ ಕಡಿದಿದ್ದೀನಿ. ನೆರೆಹೊರೆ ಅಂದ ಮೇಲೆ ಇಷ್ಟೂ ಮಾಡದಿದ್ರೆ ಹೇಗೆ?"

ಆರ್ಬಿಗೆ ಅಳು ಬಂತು. ಬೈಯೋಣವೆಂದರೆ ಎಸ್ಟಿಲ್‌ನ ಮುಖದಲ್ಲಿ ಶುದ್ಧ ಪ್ರೀತಿ ಬಿಟ್ಟು ಬೇರೇನೂ ಇರಲಿಲ್ಲ. ಅಷ್ಟರಲ್ಲಿ ಪ್ರೂಯಿಟ್ ಅವರ ಕಾರು ಧೂಳೆಬ್ಬಿಸಿಕೊಂಡು ಬಂತು. ಅವರು ಟೋಪಿಯನ್ನು ಕೈಯಲ್ಲಿ ಹಿಡಿದೇ ಇಳಿದರು.

"ಒಂದು ತಪ್ಪಾಗಿದೆ. ನಾನು ಫೋಟೋನ ತಲೆಕೆಳಗಾಗಿ ಇಟ್ಕೊಂಡು, ಆಚೆಯ ಹೊಲಾನೇ ನಿಮ್ಮದು ಅಂತ ಗಾಲಿ ಓಡಿಸಿದ್ದೆ. ಪಾಲು ಮೀರಿರೋದು ಹಳ್ಳದಾಚೆಯ ಹೊಲ." ಕಡಿದು ಬಿದ್ದ ಗಿಡಗಳು ಆಗ ಅವರ ಕಣ್ಣಿಗೆ ಬಿದ್ದವು. "ಇಷ್ಟು ಬೇಗ ಯಾರು ಕಡಿದದ್ದು?"

ಎಸ್ಟಿಲ್ ಕೈಯಲ್ಲಿದ್ದ ಕತ್ತಿಯನ್ನು ನಿಧಾನವಾಗಿ ಬೆನ್ನ ಹಿಂದೆ ಇಟ್ಟುಕೊಂಡ.

"ಕೊಡು ಇಲ್ಲಿ," ಎಂದ ಆರ್ಬಿ ಕೈ ಚಾಚಿ. "ನಡಿ ನಿನ್ನ ಹೊಲಕ್ಕೆ. ನೆರೆಹೊರೆ ಅಂದ ಮೇಲೆ ನಾನೂ ಇಷ್ಟು ಮಾಡದಿದ್ರೆ ಹೇಗೆ?"

ಕತ್ತಲಾಗುವ ಮುಂಚೆ ಇಬ್ಬರೂ ಸೇರಿ ಅದನ್ನೂ ಕಡಿದರು. ಆರ್ಬಿ ಅಂದುಕೊಂಡಷ್ಟು ಖುಷಿ ಅವನಿಗಾಗಲಿಲ್ಲ. ಅವು ಯಾರ ಗಿಡವಾದರೇನು, ಹೊಗೆಸೊಪ್ಪಿನ ಗಿಡಗಳೇ ತಾನೆ.

ಈಗ ಆ ಕಣಿವೆಯಲ್ಲಿ ಹೊಗೆಸೊಪ್ಪೂ ಇಲ್ಲ, ಅಳೆಯುವವರೂ ಇಲ್ಲ, ಹೋಬರ್ಟನ ಅಂಗಡಿಗೆ ಹಲಗೆ ಹೊಡೆದಿದೆ. ಅಂದಿನ ರಾತ್ರಿಯ ಊಟ ಮಾತ್ರ ಆರ್ಬಿ ಬದುಕಿದ್ದಷ್ಟು ದಿನ ಮರೆಯಲಿಲ್ಲ. ಝೆಲ್ಮಾ ಎಸ್ಟಿಲ್‌ನನ್ನೂ ಊಟಕ್ಕೆ ಕೂರಿಸಿ, ಹೊಲವನ್ನೂ ಚೌಕವನ್ನೂ ಬೇಯಿಸಿ, ಮಾಂಸದ ಗೊಜ್ಜಿನ ಪಕ್ಕ ತಂದಿಟ್ಟಳು. ಹೊಲದ ಬಾಗಿನಲ್ಲಿ, ಎಸ್ಟಿಲ್ ಕಡಿದ ಜಾಗದಲ್ಲೇ, ಹೋಬರ್ಟನ ಹೆಬ್ಬೆರಳಿನ ಅಚ್ಚು ಗುಳಿಬಿದ್ದು ಬೆಂದಿತ್ತು. ಆರ್ಬಿ ಅದನ್ನೇ ನೋಡುತ್ತ ಕೂತಿದ್ದಾಗ ಎಸ್ಟಿಲ್ ಕೈ ಚಾಚಿ ಚೌಕವನ್ನು ಎತ್ತಿಕೊಂಡ.

"ಅದು ದೊಡ್ಡದು," ಎಂದ ಆರ್ಬಿ.

"ಗೊತ್ತು," ಎಂದ ಎಸ್ಟಿಲ್, ಗೊಜ್ಜಿನಲ್ಲಿ ಅದ್ದುತ್ತ. "ನೀವೇ ತೂಗಿಸಿಕೊಂಡು ಬಂದಿದ್ದೀರಲ್ಲ."